ಸಹಾಯ ಬೇಕು: ಆಸ್ಟಿಯೋಪೊರೋಸಿಸ್ (ಮೂಳೆ ಟೊಳ್ಳಾಗೋ ಕಾಯಿಲೆ) ಇರೋರು ಬಿದ್ದು ಮೂಳೆ ಮುರಿದ್ರೆ ಕೋಡು ಎಂ80 (ಆಸ್ಟಿಯೋಪೊರೋಸಿಸ್‌ನಿಂದಾದ ಮುರಿತ) ನಾ, ಎಸ್72 (ಪೆಟ್ಟಿನಿಂದಾದ ತೊಡೆಮೂಳೆ ಮುರಿತ) ನಾ?

ಮೆಡಿಕಲ್ ಕೋಡಿಂಗಲ್ಲಿರೋರು (ಚಾರ್ಟ್ ನೋಡಿ ಕಾಯಿಲೆಗೆ ಐಸಿಡಿ-10-ಸಿಎಂ ಕೋಡ್ ಹಾಕೋ ಕೆಲಸ) ಯಾರಾದ್ರೂ ಹೇಳಿ ಪ್ಲೀಸ್. ಯುಎಸ್ ಇನ್‌ಪೇಷಂಟ್ ಚಾರ್ಟು, ವಯಸ್ಸಾದ ಹೆಂಗಸು, ಮನೇಲಿ ನಿಂತಲ್ಲೇ ಕಾಲು ಜಾರಿ ಬಿದ್ದು ಬಲಗಡೆ ಫೀಮರ್ ನೆಕ್ (ತೊಡೆಮೂಳೆ ಕುತ್ತಿಗೆ) ಫ್ರಾಕ್ಚರ್, ಆಸ್ಟಿಯೋಪೊರೋಸಿಸ್ ಮೊದ್ಲಿಂದ ಇದೆ, ಅದಕ್ಕೆ ಅಲೆಂಡ್ರೊನೇಟ್ ಮಾತ್ರೆ ಕೂಡ ತಗೋತಿದಾರೆ, ಆದ್ರೆ ಡಾಕ್ಟರು ಪೆಥಾಲಾಜಿಕಲ್ (ಕಾಯಿಲೆಯಿಂದಾದ ಮುರಿತ) ಅಂತ ಎಲ್ಲೂ ಬರ್ದಿಲ್ಲ. ನಾನು ಎಂ80.051ಎ ಹಾಕ್ದೆ, ಆಡಿಟರ್ರು ಬಿದ್ದಿದಾರಲ್ಲ ಟ್ರಾಮಾನೇ ಅಂತ ಎಸ್72.001ಎ ಮಾಡಿ ವಾಪಸ್ ಕಳ್ಸಿದಾರೆ. ಐಸಿಡಿ-10-ಸಿಎಂ ಗೈಡ್‌ಲೈನ್ಸ್ ಚಾಪ್ಟರ್ 13 ತೆಗ್ದು ತೋರ್ಸ್ದೆ, ಆಸ್ಟಿಯೋಪೊರೋಸಿಸ್ ಇರೋದು ಗೊತ್ತಿರೋ ಪೇಷಂಟು ಸಣ್ಣದಾಗಿ ಬಿದ್ದು ಮುರ್ಕೊಂಡ್ರೂ, ಗಟ್ಟಿ ಮೂಳೆ ಅಷ್ಟಕ್ಕೆಲ್ಲ ಮುರಿಯಲ್ಲ ಅನ್ನೋ ಹಾಗಿದ್ರೆ ಎಂ80 ನೇ ಅಂತ ಅದ್ರಲ್ಲಿದೆ. ಅದಕ್ಕೆ 'ಮುರಿಯಲ್ಲ ಅನ್ನೋಕೆ ನೀವೇನು ಡಾಕ್ಟರಾ' ಅಂದ್ರು, ಅದೂ ನ್ಯಾಯಾನೇ ಅನ್ಸತ್ತೆ ಬಿಡಿ. ಇಂಥ ಕೇಸಲ್ಲಿ ನಾವೇ ಎಂ80 ಕೊಡಬಹುದಾ, ಇಲ್ಲಾ ಡಾಕ್ಟರಿಗೆ ಕ್ವೆರಿ (ಸ್ಪಷ್ಟನೆ ಕೇಳಿ ಪ್ರಶ್ನೆ) ಹಾಕಲೇಬೇಕಾ?