ಕುಂಡದ ಮಣ್ಣಿನ ಬಿಳಿ ಜಿಗಿಹುಳ: ಫೋಲ್ಸೋಮಿಯಾ ಕ್ಯಾಂಡಿಡಾ ಎನ್ನಬಹುದೇ?

ಕುಂಡಗಿಡ:
ಮನೆಯೊಳಗಿನ ಕುಂಡಕ್ಕೆ ನೀರು ಹಾಕಿದ ಕೂಡಲೇ ಅಚ್ಚ ಬಿಳಿ ಹುಳಗಳು ರಾಶಿರಾಶಿ ತೇಲಿ ಬರುತ್ತಿವೆ. ಉದ್ದ ಸುಮಾರು 2 ಮಿ.ಮೀ., ರೆಕ್ಕೆ ಇಲ್ಲ. ಕಡ್ಡಿ ತಾಗಿಸಿದರೆ ಕೆಲವು ಚಂಗನೆ ಹಾರುತ್ತವೆ, ಕೆಲವು ಕದಲುವುದೇ ಇಲ್ಲ. 10 ಪಟ್ಟು ದೊಡ್ಡದು ಮಾಡುವ ಲೆನ್ಸ್‌ನಲ್ಲಿ ಕಣ್ಣು ಕಾಣಲಿಲ್ಲ. ಫೋಟೊ ನೋಡಿ ಗುರುತಿಸುವ ಆ್ಯಪ್ 'ಫೋಲ್ಸೋಮಿಯಾ ಕ್ಯಾಂಡಿಡಾ' ಎನ್ನುತ್ತಿದೆ. ನಂಬಬಹುದೇ? ಬೇರಿಗೆ ಅಪಾಯವಿದೆಯೇ?

ಮಣ್ಣುಜೀವಿ:
ಸ್ಪ್ರಿಂಗ್‌ಟೇಲ್, ಅಂದರೆ ಜಿಗಿಹುಳ, ಎಂಬುದರಲ್ಲಿ ಅನುಮಾನವಿಲ್ಲ. ಪ್ರಭೇದದ ಹೆಸರಿಗೆ ಮಾತ್ರ ಅವಸರ ಬೇಡ. ನಿಮ್ಮ ವಿವರಣೆ ನೋಡಿದರೆ ಒಂದೇ ಕುಂಡದಲ್ಲಿ ಎರಡು ಬಗೆ ಇರುವಂತಿದೆ.

ಹಾರುವ ಹುಳವನ್ನು ಒದ್ದೆ ಕುಂಚದ ತುದಿಯಿಂದ ಎತ್ತಿ ಮಗುಚಿ ನೋಡಿ. ಹೊಟ್ಟೆಯ 4ನೇ ಖಂಡದಿಂದ ಹೊರಟ ಕವಲುಬಾಲ, ಅಂದರೆ ಫರ್ಕುಲಾ, ಮುಂದಕ್ಕೆ ಮಡಚಿಕೊಂಡು 3ನೇ ಖಂಡದ ಪುಟ್ಟ ಕೊಕ್ಕೆಗೆ ಸಿಕ್ಕಿಕೊಂಡಿರುತ್ತದೆ. ಕೊಕ್ಕೆ ಕಳಚಿದರೆ ಅದು ನೆಲಕ್ಕೆ ಬಡಿದು ಹುಳವನ್ನು ಮೇಲಕ್ಕೆಸೆಯುತ್ತದೆ. ಮೇಲಿನಿಂದ ತೆಗೆದ ಫೋಟೊದಲ್ಲಿ ಇದು ಕಾಣುವುದಿಲ್ಲ.

ಹಾರದವು ಬಹುಶಃ ಓನಿಕಿಯುರಿಡೇ ಕುಟುಂಬದವು. ಅವೂ ಬಿಳಿ, ಅವಕ್ಕೂ ಕಣ್ಣಿಲ್ಲ. ಆದರೆ ಮೀಸೆ ಮೊಂಡು, ಫರ್ಕುಲಾ ಇಲ್ಲ ಅಥವಾ ಹೆಸರಿಗಷ್ಟೇ ಇದೆ. ಕೆಣಕಿದರೆ ಮೈಮೇಲಿನ ಸಣ್ಣ ರಂಧ್ರಗಳಿಂದ ಹನಿ ಒಸರುತ್ತವೆ. ಹಿಡಿದು ತಿನ್ನಲು ಬಂದ ನುಸಿಗೆ ಅದು ಹಿಡಿಸುವುದಿಲ್ಲ.

ಇನ್ನು ಹಾರುವವುಗಳ ಖಂಡ ಎಣಿಸಿ. ಸ್ಪ್ರಿಂಗ್‌ಟೇಲ್ ಹೊಟ್ಟೆಗೆ 6 ಖಂಡ. ಫೋಲ್ಸೋಮಿಯಾ ಕುಲದಲ್ಲಿ (ಕ್ಯಾಂಡಿಡಾ ಇದರ ಒಂದು ಪ್ರಭೇದ) ಕೊನೆಯ ಮೂರೂ ಬೆಸೆದುಕೊಂಡಿರುವುದರಿಂದ ಎಣಿಕೆಗೆ ಸಿಗುವುದು ನಾಲ್ಕೇ. ಎಲ್ಲರೂ ಎಡವುವ ಜಾಗ ಇದು: ಎಂಟೊಮೊಬ್ರಿಯಿಡೇ ಕುಟುಂಬದಲ್ಲೂ 4ನೇ ಖಂಡ ಬಲು ಉದ್ದ, ಮೇಲ್ನೋಟಕ್ಕೆ ಎರಡೂ ಒಂದೇ ಥರ. ಆ ಉದ್ದ ಖಂಡದ ಹಿಂದೆ ಇನ್ನೆರಡು ಸಣ್ಣ ಬಳೆ ಕಂಡರೆ, ಮೀಸೆಯೂ ಉದ್ದವಿದ್ದರೆ, ಫೋಲ್ಸೋಮಿಯಾ ಅಲ್ಲ.

ಗಾಜುಪಟ್ಟಿ:
ಫೋಲ್ಸೋಮಿಯಾ ಎಂದಾದ ಮೇಲೂ ಕ್ಯಾಂಡಿಡಾ ಎನ್ನಲು ಲೆನ್ಸ್ ಸಾಲದು. ಫಿಮೆಟಾರಿಯಾ ಎಂಬ ಇನ್ನೊಂದು ಪ್ರಭೇದವೂ ಬಿಳಿ, ಕುರುಡು. ಬೇರ್ಪಡಿಸಲು ಫರ್ಕುಲಾದ ಕೂದಲು ನೋಡಬೇಕು, ಅದಕ್ಕೆ 400 ಪಟ್ಟು ತೋರಿಸುವ ಸೂಕ್ಷ್ಮದರ್ಶಕ ಬೇಕು.

ಹುಳವನ್ನು 70–80% ಆಲ್ಕೋಹಾಲಿಗೆ ಹಾಕಿ. ಮೈಗೆ ದ್ರವ ಅಂಟದೆ ತೇಲುತ್ತಿದ್ದರೆ ಪಾತ್ರೆ ಸೋಪಿನ ದ್ರವ ಒಂದೇ ಹನಿ ಸಾಕು, ಮುಳುಗುತ್ತದೆ. ಆಮೇಲೆ ಲ್ಯಾಕ್ಟಿಕ್ ಆಮ್ಲದಲ್ಲಿ ಉಗುರುಬೆಚ್ಚಗೆ ಇಟ್ಟರೆ ಮೈ ಪಾರದರ್ಶಕವಾಗುತ್ತದೆ. ಕುದಿಸಿದರೆ ಗುಳ್ಳೆ ಎದ್ದು ಸ್ಲೈಡ್ ಕೆಟ್ಟಂತೆಯೇ.

ಸೂಕ್ಷ್ಮದರ್ಶಕ ಇಲ್ಲದವರು ಸಾಕಿ ನೋಡಬಹುದು. ತೂಕದಲ್ಲಿ 8 ಪಾಲು ಪ್ಲಾಸ್ಟರ್ ಆಫ್ ಪ್ಯಾರಿಸ್‌ಗೆ 1 ಪಾಲು ಇದ್ದಿಲ ಪುಡಿ, ನೀರಲ್ಲಿ ಕಲಸಿ ಡಬ್ಬಿಯ ತಳಕ್ಕೆ 1 ಸೆಂ.ಮೀ. ಸುರಿದು ಗಟ್ಟಿಯಾಗಲು ಬಿಡಿ. ಕಪ್ಪು ನೆಲದ ಮೇಲೆ ಬಿಳಿ ಹುಳ ಎದ್ದು ಕಾಣುತ್ತದೆ. ನೆಲ ತೇವವಿರಲಿ, ನೀರು ನಿಲ್ಲದಿರಲಿ. ಮೇವಿಗೆ ಒಣ ಯೀಸ್ಟ್ ನಾಲ್ಕಾರು ಕಾಳು. ಹೆಚ್ಚಾದರೆ ಬೂಷ್ಟು ಬರುತ್ತದೆ.

ಆಗಷ್ಟೇ ಮೊಟ್ಟೆಯೊಡೆದ ಒಂದೇ ಮರಿಯನ್ನು ಬೇರೆ ಡಬ್ಬಿಗೆ ಹಾಕಿ. ಬೆಳೆದದ್ದನ್ನು ಹಾಕಿದರೆ ಪ್ರಯೋಗ ವ್ಯರ್ಥ, ಅದು ಮೊದಲೇ ಗಂಡಿನ ವೀರ್ಯದ ಹನಿ ಎತ್ತಿಕೊಂಡಿರಬಹುದು. 20 ಡಿಗ್ರಿ ಸೆಲ್ಸಿಯಸ್‌ನಲ್ಲಿ ಮರಿ ಸುಮಾರು 3 ವಾರದಲ್ಲಿ ಬಲಿಯುತ್ತದೆ, ಇಟ್ಟ ಮೊಟ್ಟೆ 7–10 ದಿನಕ್ಕೆ ಒಡೆಯುತ್ತದೆ. ಕ್ಯಾಂಡಿಡಾದಲ್ಲಿ ವೋಲ್ಬಾಕಿಯಾ ಎಂಬ ಬ್ಯಾಕ್ಟೀರಿಯಾ ಇರುವುದರಿಂದ ಹೆಣ್ಣೊಂದೇ ಸಂತಾನ ಬೆಳೆಸುತ್ತದೆ. ಫಿಮೆಟಾರಿಯಾಕ್ಕೆ ಗಂಡು ಬೇಕೇ ಬೇಕು. ಮರಿ ಬಂದರೆ ಫಿಮೆಟಾರಿಯಾ ಅಲ್ಲ ಎಂದಷ್ಟೇ ಆಯಿತು. ಕ್ಯಾಂಡಿಡಾ ಎಂದು ಸಾಧಿಸಿದಂತಲ್ಲ, ಗಂಡಿಲ್ಲದೆ ಮರಿ ಮಾಡುವ ಪ್ರಭೇದ ಬೇರೆಯೂ ಇವೆ.

ಬೇರುಬಿಳಲು:
ಬೇರಿನ ಪ್ರಶ್ನೆಗೆ: ಫೋಲ್ಸೋಮಿಯಾ ತಿನ್ನುವುದು ಮುಖ್ಯವಾಗಿ ಬೂಷ್ಟು ಮತ್ತು ಕೊಳೆತದ್ದನ್ನು. ಕೊಳೆತ ಬೇರಿನ ಸುತ್ತ ಗುಂಪುಗೂಡಿದ್ದರೆ ಬೇರು ಮೊದಲೇ ಕೊಳೆತಿತ್ತು ಎಂದರ್ಥ. ಇವು ಚರ್ಮದಿಂದಲೇ ಉಸಿರಾಡುತ್ತವೆ, ಹಾಗಾಗಿ ಒಣ ಗಾಳಿ ತಡೆಯವು. ಮೇಲಿನ 2–3 ಸೆಂ.ಮೀ. ಮಣ್ಣು ಒಣಗಿದ ಮೇಲೆಯೇ ನೀರು ಹಾಕಿ, ಸಂಖ್ಯೆ ತಾನೇ ಇಳಿಯುತ್ತದೆ. ಔಷಧಿ ದಂಡ.

ಎಳೆ ಸಸಿಯ ಮಡಿಯಾದರೆ ಆ ಹಾರದ ಬಗೆಯ ಮೇಲೆ ಒಂದು ಕಣ್ಣಿರಲಿ. ಓನಿಕಿಯುರಿಡೇಯ ಪ್ರೊಟಾಫೊರುರಾ ಅರ್ಮಾಟಾ ಸಕ್ಕರೆ ಬೀಟ್‌ನ ಮೊಳಕೆ ಕಡಿಯುವುದಕ್ಕೆ ಹೆಸರಾದದ್ದು. ಬೆಳೆದ ಗಿಡಕ್ಕೆ ಅಷ್ಟೇನೂ ಭಯವಿಲ್ಲ.

ಕುಂಡಗಿಡ:
ಮಗುಚಿ ನೋಡಿದೆ. ಹಾರುವವಕ್ಕೆ ಫರ್ಕುಲಾ ಇದೆ, ಎಣಿಕೆಗೆ ನಾಲ್ಕೇ ಖಂಡ, ಹಿಂದೆ ಬಳೆ ಇಲ್ಲ. ಹಾರದವು ಸೂಜಿ ತಾಗಿದೊಡನೆ ಹನಿ ಬಿಟ್ಟವು. ದಾಖಲೆಯಲ್ಲಿ ಏನೆಂದು ಬರೆಯಲಿ?

ಮಣ್ಣುಜೀವಿ:
ಮೊದಲಿನದಕ್ಕೆ 'ಫೋಲ್ಸೋಮಿಯಾ, ಪ್ರಭೇದ ಖಚಿತವಿಲ್ಲ', ಎರಡನೆಯದಕ್ಕೆ 'ಓನಿಕಿಯುರಿಡೇ'. ಎರಡನ್ನೂ ಬೇರೆಬೇರೆ ಶೀಶೆಯಲ್ಲಿಡಿ, ಪೆನ್ಸಿಲಿನಲ್ಲಿ ಬರೆದ ಚೀಟಿ ಶೀಶೆಯ ಒಳಗೇ ಇರಲಿ. ಪೆನ್ನಿನ ಶಾಯಿ ಆಲ್ಕೋಹಾಲಿನಲ್ಲಿ ಕರಗಿಹೋಗುತ್ತದೆ.