‘ಮುಚ್ಚಿ’ ಎಂದರೆ ಸಾಕೇ? ಗೇಮ್‌ಗೆ ಅಡ್ಡಿಯಾಗುವ ‘ಹಿನ್ನೆಲೆ’ ಸಾಫ್ಟ್‌ವೇರ್ ಮತ್ತು ‘ಲ್ಯಾಗ್’ ಕುರಿತು ಪದಚರ್ಚೆ

ಪ್ರಶ್ನೆ

ಎಲ್ಲರಿಗೂ ನಮಸ್ಕಾರ. ಪಿಸಿಯಲ್ಲಿ ಗೇಮ್ ಆಡುವಾಗ ಹಿಂದೆ ಓಡುತ್ತಿರುವ ಬೇರೆ ಸಾಫ್ಟ್‌ವೇರ್‌ಗಳು ಅಡ್ಡ ಬರದಂತೆ ನೋಡಿಕೊಳ್ಳುವುದು ಹೇಗೆ ಎಂಬ ಬಗ್ಗೆ ಕನ್ನಡದಲ್ಲಿ ಒಂದು ಕಿರುಕೈಪಿಡಿ ಸಿದ್ಧವಾಗುತ್ತಿದೆ. ಮೂರು ಕಡೆ ಪದಕ್ಕಾಗಿ ತಡಕಾಟವಿದೆ.

ಮೊದಲನೆಯದು, ಬ್ಯಾಕ್‌ಗ್ರೌಂಡ್ ಪ್ರೋಸೆಸ್. ಕರಡಿನಲ್ಲಿ ‘ಹಿನ್ನೆಲೆ ಪ್ರಕ್ರಿಯೆ’ ಎಂದಿದೆ. ‘ಹಿಮ್ಮೇಳ’ ಎನ್ನಬಾರದೇಕೆ ಎಂಬ ಸಲಹೆಯೂ ಬಂದಿದೆ. ಎರಡನೆಯದು, ಲ್ಯಾಗ್. ‘ವಿಳಂಬ’ ಎಂದು ಬರೆದರೆ ಆಡುವವರು ಹೇಳುವ ಅರ್ಥ ಪೂರ್ತಿ ಬರುವುದಿಲ್ಲ ಅನ್ನಿಸುತ್ತದೆ. ಮೂರನೆಯದು ಕ್ರಿಯಾಪದ. ಕರಡಿನ ಉದ್ದಕ್ಕೂ ‘ಮುಚ್ಚಿ’ ಎಂದೇ ಇದೆ: ‘ಬ್ರೌಸರ್ ಮುಚ್ಚಿ, ಅಪ್‌ಡೇಟ್ ಮುಚ್ಚಿ, ಆಂಟಿವೈರಸ್ ಮುಚ್ಚಿ.’ ಇಷ್ಟು ಸಾಲದೇ?

ಉತ್ತರ

ಸಾಲದು. ಓದುವವರ ಕೈ ಎಲ್ಲಿ ಕ್ಲಿಕ್ ಮಾಡುತ್ತದೆ ಎನ್ನುವುದನ್ನು ನಿರ್ಧರಿಸುವುದೇ ಕ್ರಿಯಾಪದ, ಹಾಗಾಗಿ ಮೂರನೆಯ ಪ್ರಶ್ನೆಯನ್ನೇ ಮೊದಲು ಎತ್ತಿಕೊಳ್ಳುತ್ತೇನೆ.

‘ಮುಚ್ಚಿ’ ಎಂದ ಕೂಡಲೇ ಕಿಟಕಿಯ ಬಲ ಮೂಲೆಯ ಇಂಟು ಗುರುತಿನತ್ತ ಕೈ ಹೋಗುತ್ತದೆ. ಸ್ಟೀಮ್, ಡಿಸ್ಕಾರ್ಡ್ ಥರದ ಪ್ರೋಗ್ರಾಂಗಳಲ್ಲಿ ಅದನ್ನು ಒತ್ತಿದರೆ ಕಿಟಕಿ ಮಾತ್ರ ಮರೆಯಾಗುತ್ತದೆ, ಪ್ರೋಗ್ರಾಂ ಗಡಿಯಾರದ ಪಕ್ಕ ಹೋಗಿ ಕೂರುತ್ತದೆ. ಅಲ್ಲಿರುವ ಸಣ್ಣ ಬಾಣದ ಗುರುತನ್ನು ಒತ್ತಿದರೆ ಐಕಾನ್‌ಗಳ ಪುಟ್ಟ ಪೆಟ್ಟಿಗೆ ಬಿಚ್ಚಿಕೊಳ್ಳುತ್ತದೆ. ಬೇಕಾದ ಐಕಾನ್ ಮೇಲೆ ಬಲ ಕ್ಲಿಕ್ ಮಾಡಿ ‘ಎಕ್ಸಿಟ್’ ಅಥವಾ ‘ಕ್ವಿಟ್’ ಆರಿಸಿದಾಗಲೇ ಅದು ನಿಜವಾಗಿ ಹೋಗುವುದು. ಕ್ರೋಮ್‌ನಲ್ಲಿ ಇದರ ಜೊತೆಗೆ ಸೆಟ್ಟಿಂಗ್ಸ್, ಸಿಸ್ಟಮ್ ಪುಟದಲ್ಲಿ ‘ಕ್ರೋಮ್ ಮುಚ್ಚಿದ ಮೇಲೂ ಬ್ಯಾಕ್‌ಗ್ರೌಂಡ್ ಆ್ಯಪ್‌ಗಳು ಓಡುತ್ತಿರಲಿ’ ಎಂಬ ಆಯ್ಕೆಯಿದೆ, ಅದನ್ನೂ ಆರಿಸಬೇಕು. ಅಯ್ಯೋ, ಇಲ್ಲಿ ‘ಆರಿಸಬೇಕು’ ಎಂಬುದಕ್ಕೇ ಎರಡರ್ಥ ಬಂತು! ದೀಪ ಆರಿಸುವುದೂ ಆರಿಸುವುದೇ, ಚುನಾಯಿಸುವುದೂ ಆರಿಸುವುದೇ. ಕೈಪಿಡಿಯಲ್ಲಿ ‘ಆಫ್ ಮಾಡಿ’ ಎಂದೇ ಬರೆಯಿರಿ. ಇಂಟು ಗುರುತಿಗೆ ‘ಮುಚ್ಚಿ’, ಎಕ್ಸಿಟ್‌ಗೆ ‘ಪೂರ್ತಿ ಮುಚ್ಚಿ’ ಎಂದು ಬೇರೆ ಮಾಡಿಕೊಂಡರೆ ಗೊಂದಲವಿರುವುದಿಲ್ಲ.

‘ನಿಲ್ಲಿಸಿ’ ಎಂಬುದನ್ನು ಟಾಸ್ಕ್ ಮ್ಯಾನೇಜರಿನ ‘ಎಂಡ್ ಟಾಸ್ಕ್‌’ಗೆ ಮೀಸಲಿಡಿ. ಕಂಟ್ರೋಲ್, ಶಿಫ್ಟ್, ಎಸ್ಕೇಪ್ ಮೂರನ್ನೂ ಒಟ್ಟಿಗೆ ಒತ್ತಿದರೆ ಟಾಸ್ಕ್ ಮ್ಯಾನೇಜರ್ ಬರುತ್ತದೆ. ‘ಸಿಪಿಯು’ ಎಂಬ ತಲೆಬರಹದ ಮೇಲೆ ಒಮ್ಮೆ ಕ್ಲಿಕ್ ಮಾಡಿದರೆ ಹೆಚ್ಚು ತಿನ್ನುತ್ತಿರುವುದು ಮೇಲಕ್ಕೆ ಬರುತ್ತದೆ. ಮೆಮೊರಿ, ಡಿಸ್ಕ್, ನೆಟ್‌ವರ್ಕ್ ಕಾಲಂಗಳನ್ನೂ ಹೀಗೇ ನೋಡಬೇಕು. ನಿಲ್ಲಿಸುವುದು ಆ ಹೊತ್ತಿಗೆ ಮಾತ್ರ, ಉಳಿಸದ ಕೆಲಸವೂ ಹೋಗುತ್ತದೆ. ನಿಲ್ಲಿಸಿದ್ದು ಎರಡೇ ನಿಮಿಷಕ್ಕೆ ಮತ್ತೆ ಹಾಜರಾದರೆ ಯಾವುದೋ ಸರ್ವೀಸ್ (ಕಿಟಕಿಯಿಲ್ಲದೆ ಹಿಂದೆ ಓಡುವ ಪ್ರೋಗ್ರಾಂ) ಅಥವಾ ಹೊತ್ತಿಗೆ ಸರಿಯಾಗಿ ಕೆಲಸ ಶುರು ಮಾಡಿಸುವ ಟಾಸ್ಕ್ ಶೆಡ್ಯೂಲರ್ ಅದನ್ನು ಎಬ್ಬಿಸುತ್ತಿದೆ ಎಂದರ್ಥ. ಹತ್ತು ಸಲ ನಿಲ್ಲಿಸಿದರೂ ಪ್ರಯೋಜನವಿಲ್ಲ, ಎಬ್ಬಿಸುವವನನ್ನು ಹಿಡಿಯಬೇಕು.

ಟಾಸ್ಕ್ ಮ್ಯಾನೇಜರಿನ ‘ಸ್ಟಾರ್ಟಪ್ ಆ್ಯಪ್ಸ್’ ಪುಟದ ‘ಡಿಸೇಬಲ್‌’ಗೆ ‘ನಿಷ್ಕ್ರಿಯಗೊಳಿಸಿ’ ಎಂದು ಬರೆದರೆ, ಅದು ಆ ಕ್ಷಣವೇ ಸ್ತಬ್ಧವಾಯಿತು ಎಂದು ಓದುವವರು ತಿಳಿಯುತ್ತಾರೆ. ಹಾಗಾಗುವುದಿಲ್ಲ. ಈಗಾಗಲೇ ಓಡುತ್ತಿರುವುದು ಓಡುತ್ತಲೇ ಇರುತ್ತದೆ, ಮುಂದಿನ ಸಲ ಲಾಗಿನ್ ಆದಾಗ ತಾನಾಗಿ ಏಳುವುದಿಲ್ಲ, ಅಷ್ಟೆ. ‘ಎಲ್ಲ ಡಿಸೇಬಲ್ ಮಾಡಿದರೂ ಏನೂ ಬದಲಾಗಲಿಲ್ಲ’ ಎಂಬ ದೂರು ಹುಟ್ಟುವುದು ಇಲ್ಲೇ. ‘ತಾನಾಗಿ ಶುರುವಾಗದಂತೆ ಮಾಡಿ’ ಎಂದು ಬಿಡಿಸಿ ಬರೆಯುವುದು ಉದ್ದವಾದರೂ ಸರಿ.

ಅಪ್‌ಡೇಟ್‌ಗೆ ‘ಮುಚ್ಚಿ’ ಹೊಂದುವುದೇ ಇಲ್ಲ. ಅದಕ್ಕೂ ಒನ್‌ಡ್ರೈವ್‌ನಂಥ ಸಿಂಕ್ ಪ್ರೋಗ್ರಾಂಗಳಿಗೂ ‘ತಡೆಹಿಡಿಯಿರಿ’ ಸರಿಯಾದ ಪದ, ಏಕೆಂದರೆ ಗಡುವು ಮುಗಿದ ಮೇಲೆ ಕೆಲಸ ತಾನಾಗಿ ಮುಂದುವರಿಯುತ್ತದೆ. ಒನ್‌ಡ್ರೈವ್ 2, 8 ಅಥವಾ 24 ಗಂಟೆ ತಡೆಹಿಡಿಯಲು ಬಿಡುತ್ತದೆ. ಆಡುವುದಕ್ಕೆ 2 ಗಂಟೆಯದನ್ನು ಹಾಕಿಕೊಂಡರೆ ಸಾಕು.

ಆಂಟಿವೈರಸ್ ಮಾತು ಬೇರೆ. ‘ಆಂಟಿವೈರಸ್ ಮುಚ್ಚಿ’ ಎಂಬ ಸಾಲನ್ನು ದಯವಿಟ್ಟು ಕರಡಿನಿಂದಲೇ ತೆಗೆದುಬಿಡಿ. ಗೇಮ್ ದೊಡ್ಡ ಫೈಲುಗಳನ್ನು ತೆರೆಯುವಾಗಲೆಲ್ಲ ವಿಂಡೋಸ್‌ನದೇ ಆಂಟಿವೈರಸ್ ಆದ ಡಿಫೆಂಡರ್ ಅವುಗಳನ್ನು ತಡಕಿ ನೋಡುವುದು ಅಡ್ಡಿಯ ಮೂಲ. ಅದಕ್ಕೆ ಬೇಕಾದದ್ದು ‘ಹೊರಗಿಡುವುದು’: ವಿಂಡೋಸ್ ಸೆಕ್ಯುರಿಟಿ, ವೈರಸ್ ಆ್ಯಂಡ್ ಥ್ರೆಟ್ ಪ್ರೊಟೆಕ್ಷನ್, ಮ್ಯಾನೇಜ್ ಸೆಟ್ಟಿಂಗ್ಸ್, ಅದರ ಕೆಳಗೆ ‘ಎಕ್ಸ್‌ಕ್ಲೂಷನ್ಸ್’. ಅಲ್ಲಿ ಗೇಮ್‌ನ ಫೋಲ್ಡರ್ ಒಂದನ್ನೇ ಸೇರಿಸಬೇಕು. ಡೌನ್‌ಲೋಡ್ಸ್ ಫೋಲ್ಡರನ್ನಾಗಲಿ ಇಡೀ ಡ್ರೈವನ್ನಾಗಲಿ ಸೇರಿಸಿದರೆ ಬಾಗಿಲು ತೆಗೆದಿಟ್ಟು ಮಲಗಿದಂತೆ. ಅದೂ ಆಟದ ನಡುವೆ ಟಾಸ್ಕ್ ಮ್ಯಾನೇಜರಿನಲ್ಲಿ ‘ಆಂಟಿಮಾಲ್‌ವೇರ್ ಸರ್ವೀಸ್ ಎಕ್ಸಿಕ್ಯೂಟಬಲ್’ (ಡಿಫೆಂಡರಿನ ಹೆಸರು ಅಲ್ಲಿ ಹೀಗೆ) ಮೇಲೇರುವುದು ಕಣ್ಣಿಗೆ ಕಂಡರೆ ಮಾತ್ರ.

ಇನ್ನು ‘ಆದ್ಯತೆ’. ಟಾಸ್ಕ್ ಮ್ಯಾನೇಜರಿನ ಡೀಟೇಲ್ಸ್ ಪುಟದಲ್ಲಿ ಪ್ರೋಗ್ರಾಂ ಮೇಲೆ ಬಲ ಕ್ಲಿಕ್ ಮಾಡಿದರೆ ಪ್ರಯಾರಿಟಿಯ ಆರು ಮೆಟ್ಟಿಲು ಸಿಗುತ್ತವೆ. ಗೇಮನ್ನು ಎಲ್ಲಕ್ಕಿಂತ ಮೇಲಿನ ‘ರಿಯಲ್‌ಟೈಮ್‌’ಗೆ ಹತ್ತಿಸುವ ಸಲಹೆ ಅಪಾಯದ್ದು. ಮೌಸ್, ಕೀಬೋರ್ಡ್, ಡಿಸ್ಕ್ ನೋಡಿಕೊಳ್ಳುವ ಕೆಲಸಗಳಿಗೂ ಸರದಿ ಸಿಗದೆ ಇಡೀ ಯಂತ್ರ ಬಿಗಿದುಕೊಳ್ಳಬಹುದು. ಗೇಮನ್ನು ಇದ್ದಲ್ಲೇ ಬಿಟ್ಟು, ಅಡ್ಡ ಬರುವುದನ್ನು ‘ಬಿಲೋ ನಾರ್ಮಲ್‌’ಗೆ ಇಳಿಸುವುದೇ ಒಳ್ಳೆಯದು. ವಿಂಡೋಸ್ 11ರಲ್ಲಿ ‘ಎಫಿಶಿಯನ್ಸಿ ಮೋಡ್’ ಈ ಇಳಿಸುವ ಕೆಲಸವನ್ನೇ ಮಾಡುತ್ತದೆ. ಪ್ರೋಗ್ರಾಂ ಮುಚ್ಚಿ ತೆರೆದರೆ ಕೈಯಾರೆ ಇಟ್ಟ ಆದ್ಯತೆ ಉಳಿಯುವುದಿಲ್ಲ ಎಂಬುದನ್ನೂ ಬರೆಯಿರಿ.

ಈಗ ಲ್ಯಾಗ್. ‘ಗೇಮ್ ಲ್ಯಾಗ್ ಆಗ್ತಿದೆ’ ಎಂಬ ಒಂದೇ ಮಾತಿನಲ್ಲಿ ಮೂರು ಬೇರೆ ಬೇರೆ ಕಾಯಿಲೆಗಳಿವೆ. ‘ವಿಳಂಬ’ ಒಂದಕ್ಕೆ ಮಾತ್ರ ಒಪ್ಪುತ್ತದೆ.

ಚಿತ್ರ ನಯವಾಗಿಯೇ ಓಡುತ್ತದೆ, ಗುಂಡು ಹಾರಿಸಿದ್ದು ಮಾತ್ರ ತಡವಾಗಿ ತಾಗುತ್ತದೆ, ಎದುರಾಳಿ ಇದ್ದಲ್ಲಿಂದ ಇನ್ನೊಂದು ಕಡೆಗೆ ಜಿಗಿಯುತ್ತಾನೆ. ಇದು ನೆಟ್‌ವರ್ಕಿನ ‘ತಡ’. ಪಿಂಗ್ ಸಂಖ್ಯೆ (ಸರ್ವರಿಗೆ ಹೋಗಿ ಮರಳಲು ಹಿಡಿಯುವ ಮಿಲಿಸೆಕೆಂಡ್) ನೋಡಿದರೆ ಗೊತ್ತಾಗುತ್ತದೆ. ಫೋಟೊ ಮೇಲೇರಿಸುವ ಕ್ಲೌಡ್ ಸಿಂಕ್, ಅಪ್‌ಡೇಟ್ ಇಳಿಸಿಕೊಳ್ಳುವುದು, ಇನ್ನೊಂದು ಗೇಮ್‌ನ ಡೌನ್‌ಲೋಡ್ ಇಲ್ಲಿನ ಕಾರಣಗಳು. ಅಪ್‌ಲೋಡ್ ಸಾಲು ತುಂಬಿಕೊಂಡರೆ ಗೇಮ್‌ನ ಸಣ್ಣ ಡೇಟಾ ಪೊಟ್ಟಣಗಳೂ ಅದರ ಹಿಂದೆ ಕಾಯಬೇಕಾಗುತ್ತದೆ.

ಎರಡನೆಯದು, ಮೊದಲಿಂದ ಕೊನೆಯವರೆಗೂ ಎಲ್ಲವೂ ಒಂದೇ ಸಮನೆ ನಿಧಾನ. ಇದಕ್ಕೆ ‘ಮಂದಗತಿ’ ಎನ್ನಿ. ಹಿಂದೆ ವಿಡಿಯೊ ರೆಕಾರ್ಡಿಂಗ್, ಬ್ರೌಸರಿನಲ್ಲಿ ಓಡುವ ವಿಡಿಯೊ, ಚಲಿಸುವ ವಾಲ್‌ಪೇಪರ್ ಇದ್ದರೆ ಹೀಗಾಗುತ್ತದೆ. ಹಿಂದಿನ ಯಾವುದನ್ನು ನಿಲ್ಲಿಸಿದರೂ ಸೆಕೆಂಡಿಗೆ ಬರುವ ಫ್ರೇಮ್‌ಗಳ (ಬಿಡಿ ಚಿತ್ರಗಳ) ಅಂಕಿ ಏರದಿದ್ದರೆ ಗೇಮ್‌ನ ಗ್ರಾಫಿಕ್ಸ್ ಸೆಟ್ಟಿಂಗೇ ಯಂತ್ರಕ್ಕೆ ಭಾರ.

ಮೂರನೆಯದು ಹಿಡಿಯಲು ಕಷ್ಟ. ನಯವಾಗಿ ಓಡುತ್ತಿದ್ದದ್ದು ಕ್ಷಣಕಾಲ ಗಕ್ಕನೆ ನಿಂತು ಮತ್ತೆ ಓಡುತ್ತದೆ. ಇದಕ್ಕೆ ಕನ್ನಡದಲ್ಲಿ ‘ಎಡವುವುದು’ ಎಂಬ ಪದ ಹೇಳಿ ಮಾಡಿಸಿದಂತಿದೆ. ‘ತೊದಲು’ ಎಂಬುದು ‘ಸ್ಟಟರ್’ ಎಂಬ ಇಂಗ್ಲಿಷ್ ಪದದ ನೆರಳು. ನಡೆಯುವವನು ಎಡವುತ್ತಾನೆ, ಗೇಮೂ ಎಡವುತ್ತದೆ. ಲೆಕ್ಕ ನೋಡಿ: ಸೆಕೆಂಡಿಗೆ 60 ಫ್ರೇಮ್ ಬರಬೇಕಾದರೆ ಒಂದೊಂದಕ್ಕೆ ಸಿಗುವುದು ಸುಮಾರು 16.7 ಮಿಲಿಸೆಕೆಂಡ್. 59 ಫ್ರೇಮ್‌ಗಳು 16 ಮಿಲಿಸೆಕೆಂಡಿಗೊಂದರಂತೆ ಬಂದು, ಒಂದೇ ಒಂದು 56 ತೆಗೆದುಕೊಂಡಿತು ಅನ್ನಿ. ಒಟ್ಟು 944 ಕೂಡಿಸು 56, ಸರಿಯಾಗಿ 1000. ಮೂಲೆಯಲ್ಲಿನ ಅಂಕಿ 60 ಎಂದೇ ತೋರಿಸುತ್ತದೆ, ಕಣ್ಣಿಗೆ ಮಾತ್ರ ಎಡವಿದ್ದು ಕಾಣುತ್ತದೆ. ಆದ್ದರಿಂದ ‘ಫ್ರೇಮ್ ದರ’ದ ಜೊತೆ ‘ಫ್ರೇಮ್ ಅವಧಿ’ ಎಂಬ ಪದವೂ ಕೈಪಿಡಿಯಲ್ಲಿ ಬರಲೇಬೇಕು. ಎಡವಿಸುವವು ಆಗಾಗ ಎದ್ದು ಮಲಗುವಂಥವು: ವೈರಸ್ ತಪಾಸಣೆ, ಸರ್ಚ್ ಇಂಡೆಕ್ಸರ್, ತಾಪಮಾನವನ್ನು ಅರೆ ಸೆಕೆಂಡಿಗೊಮ್ಮೆ ಓದುವ ಮಾನಿಟರ್ ಪ್ರೋಗ್ರಾಂ, ಕೀಬೋರ್ಡ್ ದೀಪಗಳ ಸಾಫ್ಟ್‌ವೇರ್. 8 ಜಿಬಿ ಮೆಮೊರಿಯ ಯಂತ್ರದಲ್ಲಿ ಬ್ರೌಸರಿನ ಹತ್ತಾರು ಟ್ಯಾಬ್ ತೆರೆದಿದ್ದರೆ ಮೆಮೊರಿ ತುಂಬಿ ಡಿಸ್ಕಿಗೆ ಚೆಲ್ಲುತ್ತದೆ. ಗೇಮ್‌ನಲ್ಲಿ ಹೊಸ ಜಾಗಕ್ಕೆ ಕಾಲಿಟ್ಟಾಗಲೆಲ್ಲ ಎಡವಿದರೆ ಮೊದಲು ಇದನ್ನು ಶಂಕಿಸಬೇಕು.

ಕೊನೆಗೆ ನಿಮ್ಮ ಮೊದಲ ಪ್ರಶ್ನೆ. ‘ಹಿನ್ನೆಲೆ’ ಇರಲಿ, ಅದರ ಜೋಡಿ ‘ಮುನ್ನೆಲೆ’ಯೂ ಸಿದ್ಧವಿದೆ. ‘ಪ್ರಕ್ರಿಯೆ’ ಬೇಡ, ‘ಹಿನ್ನೆಲೆ ಪ್ರೋಗ್ರಾಂ’ ಸಾಕು. ‘ಹಿಮ್ಮೇಳ’ ಇಲ್ಲಿಗೆ ಒಪ್ಪದು. ಹಿಮ್ಮೇಳ ಮುಮ್ಮೇಳಕ್ಕೆ ಒದಗಿಬರುವಂಥದ್ದು, ತಾಳ ತಪ್ಪಿಸುವಂಥದ್ದಲ್ಲ. ಆದರೂ ಆ ಪದವನ್ನು ಎಸೆಯಬೇಡಿ. ಧ್ವನಿಯ ಸರ್ವೀಸ್, ಗ್ರಾಫಿಕ್ಸ್ ಡ್ರೈವರಿನ ಸರ್ವೀಸ್, ಮೋಸದಾಟ ತಡೆಯುವ ಆ್ಯಂಟಿಚೀಟ್ ಇವೆಲ್ಲ ಗೇಮ್‌ನ ನಿಜವಾದ ಹಿಮ್ಮೇಳ. ಇವನ್ನು ನಿಲ್ಲಿಸಿದರೆ ಧ್ವನಿ ಹೋಗುತ್ತದೆ, ಇಲ್ಲವೇ ಗೇಮ್ ತೆರೆಯುವುದೇ ಇಲ್ಲ. ‘ಹಿಮ್ಮೇಳವನ್ನು ಮುಟ್ಟಬೇಡಿ’ ಎಂದು ಒಂದು ಪೆಟ್ಟಿಗೆ ಹಾಕಿ.

ಇನ್ನೊಂದು ಉತ್ತರ

ಮೇಲಿನದಕ್ಕೆ ಒಂದು ಸೇರ್ಪಡೆ. ಆಡುವಾಗ ಗೇಮ್‌ನ ಮೇಲೆ ಮೂಡುವ ಚಾಟ್, ಅಂಕಿಗಳಂಥ ಓವರ್‌ಲೇಯನ್ನು ‘ಹಿನ್ನೆಲೆ’ಗೆ ಸೇರಿಸಬಾರದು. ಅದು ಇರುವುದು ಗೇಮ್‌ನ ಮುಂದೆ. ಪ್ರತಿ ಫ್ರೇಮ್ ಪರದೆಗೆ ಹೋಗುವ ಮುನ್ನ ಅದರ ಮೇಲೆ ತನ್ನ ಚಿತ್ರ ಬರೆಯುತ್ತದೆ. ‘ಮೇಲ್ಪದರ’ ಒಳ್ಳೆಯ ಪದ. ಸ್ಟೀಮ್, ಡಿಸ್ಕಾರ್ಡ್, ವಿಂಡೋಸ್‌ನ ಗೇಮ್ ಬಾರ್ ಮೂರರ ಮೇಲ್ಪದರವೂ ಒಟ್ಟಿಗೆ ಇದ್ದರೆ ಬೇಕಾದ ಒಂದನ್ನು ಉಳಿಸಿ ಉಳಿದವನ್ನು ಆಯಾ ಪ್ರೋಗ್ರಾಂನ ಸೆಟ್ಟಿಂಗ್‌ನಲ್ಲೇ ಆಫ್ ಮಾಡಬೇಕು.

ಸರ್ವೀಸ್ ಎಂಬುದನ್ನು ‘ಸೇವೆ’ ಎಂದು ಬದಲಿಸದಿರುವುದು ಸರಿ, ‘ಸೇವೆ ನಿಲ್ಲಿಸಿ’ ಎಂದರೆ ಇಂಟರ್ನೆಟ್ ಸಂಪರ್ಕ ಕಡಿತ ಎಂದೇ ಓದುತ್ತಾರೆ. ಯುನಿಕ್ಸ್ ಎಂಬ ಆಪರೇಟಿಂಗ್ ಸಿಸ್ಟಮ್ ಕಡೆಯವರು ಇದನ್ನೇ ಡೀಮನ್ ಎನ್ನುತ್ತಾರೆ. 1963ರ ಸುಮಾರಿಗೆ ಅಮೆರಿಕದ ಎಂಐಟಿಯ ಪ್ರಾಜೆಕ್ಟ್ ಮ್ಯಾಕ್ ಎಂಬ ಕಂಪ್ಯೂಟರ್ ಸಂಶೋಧನಾ ಯೋಜನೆಯಲ್ಲಿ ಹುಟ್ಟಿದ ಪದ. ಅಣುಗಳನ್ನು ಕಾಣದಂತೆ ಬೇರ್ಪಡಿಸುತ್ತಲೇ ಇರುವ, ಭೌತವಿಜ್ಞಾನಿ ಮ್ಯಾಕ್ಸ್‌ವೆಲ್ ಕಲ್ಪಿಸಿದ ಡೀಮನ್‌ನಿಂದ ಬಂದದ್ದು. ಕಾಣದೆ ದುಡಿಯುವವನು ಎಂಬ ಅರ್ಥ ‘ಹಿನ್ನೆಲೆ’ಯಲ್ಲಿ ಆಗಲೇ ಇದೆ, ಹೊಸ ಪದ ಬೇಡ.

‘ಕಂಪ್ಯೂಟರ್ ಆಫ್ ಮಾಡಿ ಆನ್ ಮಾಡಿ’ ಎಂಬ ಸಾಲು ಕರಡಿನಲ್ಲಿದ್ದರೆ ‘ರಿಸ್ಟಾರ್ಟ್ ಮಾಡಿ’ ಎಂದು ಬದಲಿಸಿ. ವಿಂಡೋಸ್‌ನಲ್ಲಿ ಫಾಸ್ಟ್ ಸ್ಟಾರ್ಟಪ್ ಇದ್ದರೆ ಶಟ್‌ಡೌನ್ ಮಾಡಿದಾಗ ಕರ್ನೆಲ್ (ವಿಂಡೋಸ್‌ನ ತಿರುಳು) ಮತ್ತು ಡ್ರೈವರ್‌ಗಳ ಸ್ಥಿತಿ ಡಿಸ್ಕಿನಲ್ಲಿ ಉಳಿದು ಹಾಗೆಯೇ ಮರಳಿ ಬರುತ್ತದೆ. ರಿಸ್ಟಾರ್ಟ್ ಮಾತ್ರ ಎಲ್ಲವನ್ನೂ ಹೊಸದಾಗಿ ಶುರು ಮಾಡುತ್ತದೆ. ‘ಡಿಲೇಡ್ ಸ್ಟಾರ್ಟ್’ ಸರ್ವೀಸ್‌ಗಳು ಏಳುವುದೇ ಸುಮಾರು ಎರಡು ನಿಮಿಷದ ನಂತರ. ಹಾಗಾಗಿ ರಿಸ್ಟಾರ್ಟ್ ಆದ ಕೂಡಲೇ ಅಳೆಯಬಾರದು, ಐದಾರು ನಿಮಿಷ ಬಿಡಬೇಕು.

ಎಡವಿಸುವವನು ಪತ್ತೆಯಾಗದಿದ್ದರೆ ‘ಅರ್ಧ ಮಾಡಿ ಹುಡುಕುವುದು’ ಎಂಬ ವಿಧಾನವನ್ನು ಸೇರಿಸಿ. ವಿಂಡೋಸ್‌ನಲ್ಲೇ ಇರುವ ಎಂಎಸ್‌ಕಾನ್ಫಿಗ್ (ಸಿಸ್ಟಮ್ ಕಾನ್ಫಿಗರೇಶನ್) ತೆರೆದು, ಸರ್ವೀಸಸ್ ಪುಟದಲ್ಲಿ ಮೊದಲು ‘ಹೈಡ್ ಆಲ್ ಮೈಕ್ರೋಸಾಫ್ಟ್ ಸರ್ವೀಸಸ್‌’ಗೆ ಟಿಕ್ ಹಾಕಬೇಕು. ಇದನ್ನು ಮರೆತರೆ ವಿಂಡೋಸ್‌ಗೇ ಬೇಕಾದವು ಕೈತಪ್ಪಿ ಹೋಗುತ್ತವೆ. ಉಳಿದವು 16 ಇದ್ದರೆ 8ನ್ನು ಆಫ್ ಮಾಡಿ, ರಿಸ್ಟಾರ್ಟ್ ಮಾಡಿ, ಗೇಮ್‌ನ ಅದೇ ಜಾಗದಲ್ಲಿ ಮೂರು ಸಲ ಓಡಾಡಿ ನೋಡಬೇಕು. ಎಡವುವುದು ನಿಂತರೆ ಕಾರಣ ಆ 8ರಲ್ಲಿದೆ, ನಿಲ್ಲದಿದ್ದರೆ ಇನ್ನುಳಿದ 8ರಲ್ಲಿ. ಕಾರಣ ಒಂದೇ ಇದ್ದರೆ ನಾಲ್ಕು ಸುತ್ತಿಗೆ ಸಿಕ್ಕಿಬೀಳುತ್ತದೆ. ಗ್ರಾಫಿಕ್ಸ್ ಮತ್ತು ಆ್ಯಂಟಿಚೀಟ್ ಸಾಲುಗಳು ಈ ಪಟ್ಟಿಯಲ್ಲಿ ಕಾಣಿಸಿಕೊಳ್ಳುತ್ತವೆ, ಅವನ್ನು ಲೆಕ್ಕದಿಂದ ಬಿಡಬೇಕು.

ಪ್ರಶ್ನೆ ಕೇಳಿದವರಿಂದ

ಇಬ್ಬರಿಗೂ ವಂದನೆಗಳು. ಕರಡಿನ ಆ ಸಾಲು ಈಗ ಹೀಗಾಗಿದೆ: ‘ಬ್ರೌಸರನ್ನು ಪೂರ್ತಿ ಮುಚ್ಚಿ. ಅಪ್‌ಡೇಟ್ ಮತ್ತು ಸಿಂಕ್ ತಡೆಹಿಡಿಯಿರಿ. ಬೇಡದ ಮೇಲ್ಪದರ ಆಫ್ ಮಾಡಿ. ಆಂಟಿವೈರಸ್ ಓಡುತ್ತಿರಲಿ, ಅಗತ್ಯ ಕಂಡರೆ ಗೇಮ್‌ನ ಫೋಲ್ಡರನ್ನು ಮಾತ್ರ ತಪಾಸಣೆಯಿಂದ ಹೊರಗಿಡಿ.’ ಅಧ್ಯಾಯಗಳನ್ನು ತಡ, ಮಂದಗತಿ, ಎಡವು ಎಂದು ವಿಂಗಡಿಸಿದ್ದೇನೆ. ಮೆನುವಿನ ಹೆಸರುಗಳು ಪರದೆಯಲ್ಲಿ ಇಂಗ್ಲಿಷಿನಲ್ಲೇ ಕಾಣುವುದರಿಂದ ಅವನ್ನು ಅನುವಾದಿಸದೆ ಉಚ್ಚಾರಣೆಯಂತೆ ಉಳಿಸಿಕೊಂಡಿದ್ದೇನೆ. ‘ಎಡವು’ ಎಂಬುದನ್ನು ನಾಮಪದ ಮಾಡುವಾಗ ‘ಎಡವಿಕೆ’ಯೋ ‘ಎಡವಾಟ’ವೋ? ‘ಎಡವಾಟ’ದಲ್ಲಿ ಆಟವೂ ಸೇರಿಕೊಂಡಿರುವುದರಿಂದ ಮನಸ್ಸು ಅತ್ತ ವಾಲುತ್ತಿದೆ, ಆದರೆ ಮತ್ತೆ ಮತ್ತೆ ಎಡವುವುದಕ್ಕೆ ಮಾತ್ರ ಅದು ಸಲ್ಲುತ್ತದೇನೋ. ಒಂದೇ ಸಲ ಎಡವಿದ್ದಕ್ಕೆ ಏನೆನ್ನಬಹುದು, ತಿಳಿಸಿ.