ರೂಟ್ ಆದ ಆಂಡ್ರಾಯ್ಡ್‌ಗೆ ಐಫೋನ್ ವೇಷ ಹಾಕೋದು ಹೇಗೆ?

ಪ್ರಶ್ನೆ, ಸಾಗರದ ವಿದ್ಯಾರ್ಥಿ:
ಸರ್, ಸೆಕೆಂಡ್‌ಹ್ಯಾಂಡ್ ಫೋನ್ ತಗೊಂಡೆ. ಆಂಡ್ರಾಯ್ಡ್ 12. ಹಿಂದಿನವರೇ ಮ್ಯಾಜಿಸ್ಕ್ ಅನ್ನೋ ಸಾಫ್ಟ್‌ವೇರ್ ಹಾಕಿ ರೂಟ್ ಮಾಡಿದ್ದಾರೆ, ಅಂದ್ರೆ ಸಿಸ್ಟಂ ಒಳಗೂ ಕೈ ಹಾಕೋ ಪೂರ್ತಿ ಅಧಿಕಾರ ತೆರೆದಿದ್ದಾರೆ. ಪೂರ್ತಿ ಐಫೋನ್ ತರಹ ಕಾಣಬೇಕು. ಎಲ್ಲಿಂದ ಶುರು ಮಾಡಲಿ?

ಉತ್ತರ, ಮೊಬೈಲ್ ರಿಪೇರಿ, ಶಿವಮೊಗ್ಗ:
ಮೊದಲು ರೂಟ್ ಬೇಡದ ಕೆಲಸ ಮುಗಿಸಿ. ಲಾಂಚರ್ (ಹೋಮ್ ಸ್ಕ್ರೀನ್ ತೋರಿಸುವ ಆ್ಯಪ್), ಐಕಾನ್ ಪ್ಯಾಕ್, ವಾಲ್‌ಪೇಪರ್ ಬದಲಿಸಿದರೆ ಮುಕ್ಕಾಲು ಪಾಲು ಆಯ್ತು. ಕೆಳಗಿಂದ ಮೇಲಕ್ಕೆ ಎಳೆದು ಹೋಮ್‌ಗೆ ಹೋಗೋದು 2017ರ ಐಫೋನ್ ಎಕ್ಸ್‌ನಲ್ಲಿ ಬಂತು. 2019ರ ಆಂಡ್ರಾಯ್ಡ್ 10ರಲ್ಲೂ ಹೆಚ್ಚುಕಡಿಮೆ ಅದೇ ಇದೆ. ಸೆಟ್ಟಿಂಗ್ಸ್‌ನಲ್ಲಿ ಆನ್ ಮಾಡಿದರೆ ಸಾಕು.

ರೂಟ್ ಬೇಕಾಗುವುದು ಇಮೋಜಿ, ಫಾಂಟ್, ಬೂಟ್ ಆನಿಮೇಶನ್, ಸ್ಟೇಟಸ್ ಬಾರ್ ಇಂಥವಕ್ಕೆ. ಮ್ಯಾಜಿಸ್ಕ್ ಮಾಡ್ಯೂಲ್, ಅಂದರೆ ಮ್ಯಾಜಿಸ್ಕ್‌ಗೆ ಸೇರಿಸುವ ಪುಟ್ಟ ಪ್ಯಾಕೇಜ್ ಆಗಿಯೇ ಹಾಕಿ. ಅದು ಮೂಲ ಫೈಲನ್ನು ಅಳಿಸುವುದಿಲ್ಲ, ಫೋನ್ ಆನ್ ಆಗುವಾಗ ಮೇಲೆ ಹೊದಿಸುತ್ತದೆ ಅಷ್ಟೆ. ಹಳೇ ವಿಡಿಯೋ ನೋಡಿ ಸಿಸ್ಟಂ ಫೋಲ್ಡರ್‌ಗೆ ನೇರ ಪೇಸ್ಟ್ ಮಾಡಲು ಹೋಗಬೇಡಿ. ಒಂದೊಂದೇ ಮಾಡ್ಯೂಲ್ ಹಾಕಿ ನೋಡಿ. ಫೋನ್ ಲೋಗೋದಲ್ಲೇ ನಿಂತರೆ ಸೇಫ್ ಮೋಡ್‌ಗೆ ಹೋಗಿ, ಮಾಡ್ಯೂಲ್ ಎಲ್ಲ ಆಫ್ ಆಗುತ್ತವೆ.

ಅದೇ ವಿದ್ಯಾರ್ಥಿ:
ಫಾಂಟ್ ಹಾಕಿದೆ ಸರ್. ಇಂಗ್ಲಿಷ್ ಸೂಪರ್. ಕನ್ನಡ ಮಾತ್ರ ಚೌಕ ಚೌಕ! ಅಪ್ಪನ ಮೆಸೇಜ್ ಓದಕ್ಕೇ ಆಗ್ತಿಲ್ಲ.

ಉತ್ತರ:
ಆಪಲ್‌ನ ಸ್ಯಾನ್ ಫ್ರಾನ್ಸಿಸ್ಕೋ ಫಾಂಟ್‌ನಲ್ಲಿ ಕನ್ನಡ ಅಕ್ಷರ ಇಲ್ಲ ಮಾರಾಯ್ರೇ. ಐಫೋನ್‌ನಲ್ಲೂ ಕನ್ನಡಕ್ಕೆ ಬೇರೆ ಫಾಂಟ್. ನಿಮ್ಮ ಫೋನ್‌ನಲ್ಲಿ ಆ ಕೆಲಸ ಸಾಮಾನ್ಯವಾಗಿ ನೋಟೋ ಸಾನ್ಸ್ ಕನ್ನಡದ್ದು. ಯಾವ ಲಿಪಿಗೆ ಯಾವ ಫಾಂಟ್ ಅಂತ ಸಿಸ್ಟಂನಲ್ಲಿ ಒಂದು ಪಟ್ಟಿ ಇರುತ್ತದೆ. ನೀವು ಹಾಕಿದ ಮಾಡ್ಯೂಲ್ ಆ ಪಟ್ಟಿಯನ್ನೇ ಬದಲಿಸಿರಬೇಕು, ಕನ್ನಡದ ಸಾಲು ಬಿಟ್ಟುಹೋಗಿದೆ. ಆ ಮಾಡ್ಯೂಲ್ ತೆಗೆದು ರೀಸ್ಟಾರ್ಟ್ ಮಾಡಿ. ಆಂಡ್ರಾಯ್ಡ್‌ನ ಇಂಗ್ಲಿಷ್ ಫಾಂಟ್ ರೋಬೋಟೋ ಒಂದನ್ನೇ ಬದಲಿಸುವ ಮಾಡ್ಯೂಲ್ ಹುಡುಕಿ.

ಇನ್ನೊಬ್ಬ ಸದಸ್ಯರು, ತೀರ್ಥಹಳ್ಳಿ:
ಇದರಲ್ಲಿ ಯುಪಿಐ ನಡೆಯುತ್ತಾ?

ಉತ್ತರ:
ರೂಟ್ ಕಂಡರೆ ಎಷ್ಟೋ ಬ್ಯಾಂಕ್ ಆ್ಯಪ್ ತೆರೆಯುವುದೇ ಇಲ್ಲ. ಮುಚ್ಚಿಡುವ ಮಾಡ್ಯೂಲ್‌ಗಳಿವೆ, ಆದರೆ ಇವತ್ತು ನಡೆದದ್ದು ಮುಂದಿನ ಅಪ್‌ಡೇಟ್‌ಗೆ ಕೈಕೊಡಬಹುದು. ಅಡಿಕೆ ದುಡ್ಡು ಬರುವ ಖಾತೆಯನ್ನಂತೂ ಇಂಥ ಫೋನ್‌ನಲ್ಲಿ ಇಡಬೇಡಿ.

ಸಾಗರದವರಿಗೂ ಒಂದು ಮಾತು. ರೂಟ್ ಮಾಡಿದ್ದು ನೀವಲ್ಲ, ಅಲ್ವಾ? ಒಳಗೆ ಏನು ಬಿಟ್ಟಿದ್ದಾರೋ ಯಾರಿಗೆ ಗೊತ್ತು. ನಾನಾದರೆ ಫೋಟೋ ಬ್ಯಾಕಪ್ ಮಾಡಿ, ಕಂಪನಿಯ ಫರ್ಮ್‌ವೇರ್ (ಫೋನಿನ ಮೂಲ ಸಾಫ್ಟ್‌ವೇರ್) ಹೊಸದಾಗಿ ಫ್ಲ್ಯಾಶ್ ಮಾಡಿ, ಅಂದರೆ ಫೋನ್‌ಗೆ ಮತ್ತೆ ತುಂಬಿ, ಆಮೇಲೆ ನಾನೇ ರೂಟ್ ಮಾಡುತ್ತೇನೆ. ಆ ಫೈಲ್ ದೊಡ್ಡದು. ಮಳೆಗಾಲದ ನೆಟ್‌ವರ್ಕ್‌ನಲ್ಲಿ ಅರ್ಧ ಇಳಿದದ್ದನ್ನು ಸುಮ್ನೆ ಫ್ಲ್ಯಾಶ್ ಮಾಡಬೇಡಿ. ಪೇಟೆಗೆ ಬಂದಾಗ ಒಳ್ಳೆ ವೈಫೈ ಇರುವಲ್ಲಿ ಇಳಿಸಿಕೊಳ್ಳಿ.